ಕ್ಯಾಮೆರಾ ಶೆರ್ಪಾ ಕೈಯಲ್ಲಿ, ಚಿತ್ರ ಯಾರದು?

ಎವರೆಸ್ಟ್ ಏರುವವರ ವಿಡಿಯೊಗಳಲ್ಲಿ ತಪ್ಪದೆ ಬರುವ ಒಂದು ದೃಶ್ಯವಿದೆ. ಎರಡೂ ಬದಿ ಪ್ರಪಾತವಿರುವ ಕಿರಿದಾದ ಹಿಮದ ದಾರಿ. ಅದರ ಮೇಲೆ ಕೆಂಪು ಉಡುಪು ತೊಟ್ಟ ಒಬ್ಬರು ಒಂದು ಹೆಜ್ಜೆಗೆ ನಾಲ್ಕು ಸಲ ಉಸಿರೆಳೆಯುತ್ತ ನಮ್ಮತ್ತ ಏರಿ ಬರುತ್ತಾರೆ. ಹಿನ್ನೆಲೆಯಲ್ಲಿ ಬಾಗಿದ ದಿಗಂತ. ಹತ್ತು ಸೆಕೆಂಡಿನಲ್ಲಿ ಮುಗಿಯುತ್ತದೆ. ಏರುವವರ ಮುಖ ಕಾಣಬೇಕಾದರೆ ಕ್ಯಾಮೆರಾ ಅವರಿಗಿಂತ ಮೇಲಿರಬೇಕು. ಅಂದರೆ ಯಾರೋ ಅವರಿಗಿಂತ ಮೊದಲೇ ಅಲ್ಲಿಗೆ ಹತ್ತಿ, ಹಗ್ಗಕ್ಕೆ ತಮ್ಮನ್ನು ಸಿಕ್ಕಿಸಿಕೊಂಡು, ಹಿಂತಿರುಗಿ ನಿಂತು, ದಪ್ಪ ಕೈಗವಸು ಕಳಚಿ ಕಾದಿದ್ದಾರೆ. ದೃಶ್ಯ ಮುಗಿದ ಮೇಲೆ ಆ ವ್ಯಕ್ತಿ ಬದಿಗೆ ಸರಿದು ದಾರಿ ಬಿಟ್ಟು, ಮುಂದಿನ ದೃಶ್ಯಕ್ಕಾಗಿ ಮತ್ತೆ ಅವರನ್ನು ದಾಟಿ ಮೇಲೆ ಹೋಗಬೇಕು. ಇದೆಲ್ಲ ನಡೆಯುವುದು ಗಾಳಿಯ ಒತ್ತಡ ಸಮುದ್ರಮಟ್ಟದ ಮೂರನೆಯ ಒಂದು ಭಾಗದಷ್ಟೇ ಇರುವ ಕಡೆ.

ಈ ಕೆಲಸ ಈಗ ಹೆಚ್ಚು ಹೆಚ್ಚಾಗಿ ಶೆರ್ಪಾಗಳದು. ಕಳೆದ ಒಂದೂವರೆ ದಶಕದಲ್ಲಿ ಎವರೆಸ್ಟ್ ವ್ಯಾಪಾರ ಪಾಶ್ಚಾತ್ಯ ಕಂಪನಿಗಳ ಕೈಯಿಂದ ಬಹುಮಟ್ಟಿಗೆ ಕಠ್ಮಂಡುವಿನ ಕಂಪನಿಗಳ ಕೈಗೆ ಬಂದಿದೆ. ಗ್ರಾಹಕರೂ ಬದಲಾಗಿದ್ದಾರೆ. ಅವರಿಗೆ ಶಿಖರದಷ್ಟೇ ಶಿಖರದ ವಿಡಿಯೊ ಮುಖ್ಯ. ಪ್ರಾಯೋಜಕರಿಗೆ ತೋರಿಸಬೇಕು, ಹಿಂಬಾಲಕರಿಗೆ ತೋರಿಸಬೇಕು, ಮುಂದೆ ಭಾಷಣಕ್ಕೆ ಹೋದಾಗ ಪರದೆಯ ಮೇಲೆ ತೋರಿಸಬೇಕು. ಹೀಗಾಗಿ ದುಬಾರಿ ಪ್ಯಾಕೇಜುಗಳಲ್ಲಿ ಅಡುಗೆಯವರು, ಹೆಚ್ಚುವರಿ ಆಮ್ಲಜನಕದ ಸಿಲಿಂಡರುಗಳ ಜೊತೆಗೆ ಗ್ರಾಹಕರ ಚಿತ್ರ ತೆಗೆಯಲೆಂದೇ ಒಬ್ಬ ಶೆರ್ಪಾ ಸೇರಿಕೊಂಡಿದ್ದಾರೆ. ಹಗ್ಗ ಕಟ್ಟುವವರು, ಸಾಮಾನು ಹೊರುವವರು, ಗ್ರಾಹಕರ ಜೊತೆ ಹತ್ತುವವರು ಎಂಬ ಹಳೆಯ ವಿಂಗಡಣೆಗೆ ಹೊಸದೊಂದು ಕಸುಬು ಕೂಡಿದೆ. ಕಸುಬು ಬಂದಷ್ಟು ಬೇಗ ಅದರ ಹಕ್ಕುಗಳು ಬಂದಿಲ್ಲ ಎಂಬುದೇ ಇಲ್ಲಿನ ತಕರಾರು.

ಮೊದಲು ಕೆಲಸದ ಕಷ್ಟ ಎಷ್ಟು ಎಂಬುದನ್ನು ನೋಡಬೇಕು, ಏಕೆಂದರೆ ಕೂಲಿಯ ಮಾತು ಬರುವುದೇ ಅಲ್ಲಿಂದ. ಎಂಟು ಸಾವಿರ ಮೀಟರಿನ ಮೇಲೆ ಚಲನೆಯೇ ಬಿಸಿ. ನಡೆಯುತ್ತಿರುವವರೆಗೆ ದೇಹ ಹೇಗೋ ತಡೆದುಕೊಳ್ಳುತ್ತದೆ, ನಿಂತರೆ ಕೊರೆಯಲು ಶುರುವಾಗುತ್ತದೆ. ಚಿತ್ರ ತೆಗೆಯುವುದೆಂದರೆ ನಿಲ್ಲುವುದು. ಕ್ಯಾಮೆರಾದ ಗುಂಡಿಗಳು ದಪ್ಪ ಕೈಗವಸಿಗೆ ಸಿಗುವುದಿಲ್ಲ. ಬರಿಗೈ ಅಥವಾ ತೆಳು ಕೈಗವಸಿನಲ್ಲಿ ಲೋಹ ಮುಟ್ಟಿದರೆ ಕೆಲವೇ ನಿಮಿಷಗಳಲ್ಲಿ ಬೆರಳು ಜೋಮು ಹಿಡಿಯುತ್ತದೆ. ಅದನ್ನು ಅಲಕ್ಷಿಸಿದರೆ ಬೆರಳೇ ಹೋಗಬಹುದು. ಆಮ್ಲಜನಕದ ಮಾಸ್ಕ್ ಹಾಕಿಕೊಂಡು ಕಣ್ಣನ್ನು ಕ್ಯಾಮೆರಾಕ್ಕೆ ಒತ್ತಿ ಹಿಡಿಯುವುದು ಕಷ್ಟ. ಮಾಸ್ಕ್ ಸರಿಸಿದರೆ ಬಿಟ್ಟ ಉಸಿರು ಮಸೂರದ ಮೇಲೆ, ಕನ್ನಡಕದ ಮೇಲೆ ಮಂಜಾಗಿ ಹೆಪ್ಪುಗಟ್ಟುತ್ತದೆ. ಬ್ಯಾಟರಿಗಳು ಚಳಿಗೆ ಬೇಗ ಸೋಲುತ್ತವೆ. ಅವನ್ನು ಹಗಲು ಒಳ ಅಂಗಿಯ ಜೇಬಿನಲ್ಲಿ, ರಾತ್ರಿ ಮಲಗುವ ಚೀಲದೊಳಗೆ ಮೈಗೆ ತಾಗಿಸಿ ಇಟ್ಟುಕೊಳ್ಳುತ್ತಾರೆ. ಹೊರಗಿನ ಕೊರೆಚಳಿಯಿಂದ ಗುಡಾರದ ಬಿಸುಪಿಗೆ ಕ್ಯಾಮೆರಾವನ್ನು ನೇರವಾಗಿ ತಂದರೆ ಒಳಗೆಲ್ಲ ತೇವ. ತಿರುಗುವ ತಟ್ಟೆಯ ಹಳೆಯ ಹಾರ್ಡ್ ಡಿಸ್ಕುಗಳು ಬೇಸ್ ಕ್ಯಾಂಪಿನಲ್ಲೇ ಕೈಕೊಡುತ್ತಿದ್ದವು. ಅವುಗಳ ಓದುವ ಮುಳ್ಳು ತೇಲುವುದು ಗಾಳಿಯ ಪದರದ ಮೇಲೆ, ಅಲ್ಲಿ ಆ ಗಾಳಿಯೇ ಸಾಲದು.

ಈ ಪಟ್ಟಿಯಲ್ಲಿ ಎಲ್ಲಕ್ಕಿಂತ ದುಬಾರಿಯಾದದ್ದು ಯಂತ್ರವಲ್ಲ, ಸಮಯ. ಕ್ಯಾಮೆರಾ ಹಿಡಿದವರು ನಿಂತು, ಓಡಿ, ಮತ್ತೆ ನಿಂತು ಹೋಗುವುದರಿಂದ ಆಮ್ಲಜನಕ ಹೆಚ್ಚು ಖರ್ಚಾಗುತ್ತದೆ. ಜೊತೆಗೆ ಹಲವು ತಂಡಗಳಲ್ಲಿ ಅವರೇ ಗ್ರಾಹಕರ ಒಂದಿಷ್ಟು ಹೊರೆಯನ್ನೂ ಹೊತ್ತಿರುತ್ತಾರೆ. ಕ್ಯಾಮೆರಾ ಹೊರೆಯ ಬದಲಿಗೆ ಬಂದದ್ದಲ್ಲ, ಹೊರೆಯ ಮೇಲೆ ಬಂದದ್ದು.

ಹೊರೆಯಾಗಿ ಇದು ಹಳೆಯದೇ. 1922 ಮತ್ತು 1924ರ ಬ್ರಿಟಿಷ್ ತಂಡಗಳಲ್ಲಿ ಜಾನ್ ನೋಯೆಲ್ ಚಲನಚಿತ್ರ ತೆಗೆದರು. ಅವರ ಕ್ಯಾಮೆರಾ ಸುಮಾರು ಏಳು ಸಾವಿರ ಮೀಟರ್ ಎತ್ತರದ ನಾರ್ತ್ ಕಾಲ್ ತನಕ ಹೋದದ್ದು ಡಾರ್ಜಿಲಿಂಗಿನಿಂದ ನೇಮಿಸಿಕೊಂಡವರ ಬೆನ್ನಿನ ಮೇಲೆ. 1922ರಲ್ಲಿ ಅದೇ ಇಳಿಜಾರಿನಲ್ಲಿ ಹಿಮಕುಸಿತಕ್ಕೆ ಸಿಕ್ಕಿ ಏಳು ಮಂದಿ ಸತ್ತರು. ಏಳು ಮಂದಿಯೂ ಹೊರೆಯಾಳುಗಳು. 1996ರಲ್ಲಿ ಅಮೆರಿಕದ ಚಿತ್ರ ನಿರ್ದೇಶಕ ಡೇವಿಡ್ ಬ್ರಿಷರ್ಸ್ ದೈತ್ಯ ಪರದೆಗಾಗಿ ಚಿತ್ರ ತೆಗೆಯುವ ಐಮ್ಯಾಕ್ಸ್ ಕ್ಯಾಮೆರಾವನ್ನು ಶಿಖರಕ್ಕೆ ಒಯ್ಯಲು ಹೊರಟಾಗ ಯಂತ್ರದ ತೂಕವನ್ನು ಅರ್ಧಕ್ಕೆ ಇಳಿಸಲಾಯಿತು. ಆದರೂ ಅದು 20 ಕಿಲೋದ ಆಸುಪಾಸಿನಲ್ಲಿತ್ತು. ಐನೂರು ಅಡಿಯ ಒಂದು ಸುರುಳಿ ಕೇವಲ 90 ಸೆಕೆಂಡುಗಳಲ್ಲಿ ಮುಗಿಯುತ್ತಿತ್ತು. ಸುರುಳಿ ಬದಲಿಸಲು ಬರಿಗೈ ಬೇಕು. ಆ ವರ್ಷ ಮೇ 10 ಮತ್ತು 11ರ ಬಿರುಗಾಳಿಯಲ್ಲಿ ಎಂಟು ಮಂದಿ ಸತ್ತ ನಂತರ, ಮೇ 23ರಂದು, ಜಂಗ್ಬು ಶೆರ್ಪಾ ಮತ್ತು ಅವರ ಸಂಗಡಿಗರು ಆ ಕ್ಯಾಮೆರಾವನ್ನು ತುದಿಗೆ ಮುಟ್ಟಿಸಿದರು. ಆ ಚಿತ್ರ ಜಗತ್ತಿನಾದ್ಯಂತ ಗಳಿಸಿದ್ದು 10 ಕೋಟಿ ಡಾಲರಿಗೂ ಹೆಚ್ಚು. ಬ್ರಿಷರ್ಸ್ ಮಾಡಿದ್ದು ಅಸಾಧ್ಯವೆನ್ನಬಹುದಾದ ಸಾಹಸವೇ. ತಮ್ಮ ಶೆರ್ಪಾಗಳ ಹೆಸರು ಹೇಳಲು ಅವರು ಹಿಂಜರಿದವರೂ ಅಲ್ಲ. ಆದರೆ ಕ್ಯಾಮೆರಾ ಹೊತ್ತವರು ಒಂದು ಜನ, ಅದರೊಳಗೆ ನೋಡುವವರು ಇನ್ನೊಂದು ಜನ ಎಂಬ ಏರ್ಪಾಡು ಅಲ್ಲಿಯೂ ಹಾಗೆಯೇ ಇತ್ತು.

ಈ ಏರ್ಪಾಡಿನ ಹಿಂದೆ ಒಂದು ಊಹೆ ಕೆಲಸ ಮಾಡುತ್ತಿತ್ತು: ಹೊರುವುದು ಶೆರ್ಪಾಗಳಿಗೆ ಹುಟ್ಟಿನಿಂದ ಬರುತ್ತದೆ, ನೋಡುವುದು ಬೇರೆಯವರ ವಿದ್ಯೆ. 1953ರ ಮೇ 29ರಂದು ಎವರೆಸ್ಟಿನ ತುದಿಯಲ್ಲಿ ತೆಗೆದ ಪ್ರಸಿದ್ಧ ಚಿತ್ರದಲ್ಲಿ ಇರುವವರು ತೇನ್‌ಸಿಂಗ್. ತೆಗೆದವರು ಹಿಲರಿ. ಹಿಲರಿಯ ಚಿತ್ರ ಇಲ್ಲ. ತಮಗೆ ತಿಳಿದ ಮಟ್ಟಿಗೆ ತೇನ್‌ಸಿಂಗ್ ಎಂದೂ ಫೋಟೊ ತೆಗೆದವರಲ್ಲ, ಕಲಿಸುವುದಕ್ಕೆ ಅದು ತಕ್ಕ ಜಾಗವೂ ಆಗಿರಲಿಲ್ಲ ಎಂದು ಹಿಲರಿ ಬರೆದರು. ನಿಮ್ಮ ಚಿತ್ರ ತೆಗೆಯುತ್ತೇನೆ ಎಂದು ಸನ್ನೆ ಮಾಡಿದೆ, ಹಿಲರಿ ಬೇಡವೆಂದು ತಲೆಯಾಡಿಸಿದರು ಎಂದು ತೇನ್‌ಸಿಂಗ್ ತಮ್ಮ ಆತ್ಮಕಥೆಯಲ್ಲಿ ಹೇಳಿಕೊಂಡರು. ಆಮ್ಲಜನಕ ಕಡಿಮೆಯಿದ್ದ ಹದಿನೈದು ನಿಮಿಷಗಳಲ್ಲಿ ಇಬ್ಬರಿಗೂ ನೆನಪು ಬೇರೆ ಬೇರೆಯಾಗಿ ಉಳಿದಿರಬಹುದು. ನನಗೆ ಕುತೂಹಲದ ಸಂಗತಿ ಬೇರೆ: ಎರಡು ಹೇಳಿಕೆಗಳಲ್ಲಿ ಜಗತ್ತು ದಶಕಗಳ ಕಾಲ ಮತ್ತೆ ಮತ್ತೆ ಉಲ್ಲೇಖಿಸಿದ್ದು ಮೊದಲನೆಯದನ್ನೇ.

ಇಂದು ಆ ಮಾತನ್ನು ಯಾರೂ ಹೇಳಲಾರರು. ಈಗ ಎವರೆಸ್ಟಿನ ತುದಿಯಲ್ಲಿ ತೆಗೆಯುವ ಫೋಟೊಗಳಲ್ಲಿ ದೊಡ್ಡ ಪಾಲು ಶೆರ್ಪಾಗಳು ತೆಗೆದದ್ದೇ. ಪತ್ರಿಕೆಯಲ್ಲಿ ಧ್ವಜ ಹಿಡಿದು ನಿಂತವರ ಚಿತ್ರ ಅಚ್ಚಾಗುತ್ತದೆ. ಅದರ ಕೆಳಗೆ ಛಾಯಾಗ್ರಾಹಕರ ಹೆಸರಿನ ಜಾಗ ಖಾಲಿ, ಇಲ್ಲವೇ ಧ್ವಜ ಹಿಡಿದವರದೇ ಹೆಸರು. ಮದುವೆ ಮನೆಯ ಫೋಟೊಗ್ರಾಫರ್ ಕೂಡ ಯಾವ ಫೋಟೊದಲ್ಲೂ ಇರುವುದಿಲ್ಲ ನಿಜ, ಆದರೆ ಆಲ್ಬಮ್ಮಿನ ಮೂಲೆಯಲ್ಲಿ ಸ್ಟುಡಿಯೋದ ಹೆಸರು ಇರುತ್ತದೆ.

ಈ ಖಾಲಿ ಜಾಗದಿಂದ ಒಂದು ವಿಚಿತ್ರ ಪರಿಣಾಮವೂ ಆಗಿದೆ, ಅದಕ್ಕೆ ಬೆಂಗಳೂರಿನ ನಂಟೂ ಇದೆ. ಶಿಖರ ಏರಿದ ಪ್ರಮಾಣಪತ್ರ ಕೊಡುವಾಗ ನೇಪಾಳ ಸರ್ಕಾರ ತುದಿಯ ಫೋಟೊ ಕೇಳುತ್ತದೆ. 2016ರಲ್ಲಿ ಪುಣೆಯ ಪೊಲೀಸ್ ದಂಪತಿಯೊಂದು ಎವರೆಸ್ಟ್ ಏರಿದೆವೆಂದು ಫೋಟೊ ಒಪ್ಪಿಸಿ ಪ್ರಮಾಣಪತ್ರ ಪಡೆದಿತ್ತು. ಆ ಚಿತ್ರಗಳು ತಮ್ಮವು, ತಿದ್ದಿ ಬಳಸಲಾಗಿದೆ ಎಂದು ದೂರಿದವರು ಬೆಂಗಳೂರಿನಲ್ಲಿ ನೆಲೆಸಿದ್ದ ಪರ್ವತಾರೋಹಿ ಸತ್ಯರೂಪ್ ಸಿದ್ಧಾಂತ. ತನಿಖೆಯ ನಂತರ ನೇಪಾಳ ಆ ದಂಪತಿಯನ್ನು ಹತ್ತು ವರ್ಷ ನಿಷೇಧಿಸಿತು. ಅದೇ ವರ್ಷ ಶಿಖರ ಏರಿದೆವೆಂದಿದ್ದ ಇನ್ನಿಬ್ಬರು ಭಾರತೀಯರ ಮೇಲೆ 2021ರಲ್ಲಿ ಆರು ವರ್ಷದ ನಿಷೇಧ ಬಿತ್ತು. ಫೋಟೊ ಸಾಕ್ಷ್ಯವಾದರೆ ಅದನ್ನು ತೆಗೆದವರು ಸಾಕ್ಷಿ. ತೆಗೆದವರು ಯಾರು, ಯಾವ ಹೊತ್ತಿನಲ್ಲಿ, ಯಾರ ಯಂತ್ರದಿಂದ ಎಂಬುದು ದಾಖಲಾಗುವಂತಿದ್ದರೆ ಇಂಥ ತಿದ್ದುಪಡಿಗೆ ಆಸ್ಪದ ಕಡಿಮೆ. ಶೆರ್ಪಾ ಛಾಯಾಗ್ರಾಹಕರ ಹೆಸರು ಬರೆಯುವುದು ಅವರಿಗೆ ಮಾಡುವ ಉಪಕಾರ ಎಂದು ಭಾವಿಸುವವರು ಈ ಮಗ್ಗುಲನ್ನೂ ನೋಡಬೇಕು.

ಹೆಸರಿನದೇ ಇನ್ನೊಂದು ಸಣ್ಣ ತೊಡಕು. ಹುಟ್ಟಿದ್ದು ಸೋಮವಾರವೋ ಮಂಗಳವಾರವೋ ಎಂಬುದರ ಮೇಲೆ ಹೆಸರಿಡುವುದು ಶೆರ್ಪಾಗಳ ರೂಢಿ. ಹೀಗಾಗಿ ಒಂದೇ ತಂಡದಲ್ಲಿ ಇಬ್ಬರು ದಾವಾ, ಮೂವರು ಮಿಂಗ್ಮಾ ಇರುವುದು ಅಪರೂಪವಲ್ಲ. ಕುಲನಾಮವಂತೂ ಎಲ್ಲರಿಗೂ ಶೆರ್ಪಾ. ಚಿತ್ರದ ಕೊನೆಯಲ್ಲಿ ಬರುವ ಹೆಸರುಗಳ ಸಾಲಿನಲ್ಲಿ ಒಬ್ಬ ದಾವಾ ಶೆರ್ಪಾ ಬಂದರೂ ಮುಂದಿನ ನಿರ್ಮಾಪಕರು ಹುಡುಕಿದರೆ ಸರಿಯಾದವರು ಸಿಗುವ ಖಾತರಿಯಿಲ್ಲ. ಚಿತ್ರೋದ್ಯಮದಲ್ಲಿ ಹೆಸರೇ ಮುಂದಿನ ಕೆಲಸದ ಶಿಫಾರಸು ಪತ್ರವಾದ್ದರಿಂದ ಇದು ಕೂಲಿಗೂ ತಾಗುವ ವಿಷಯ.

ಕೂಲಿಯ ಲೆಕ್ಕ ಹೀಗಿದೆ. ಗ್ರಾಹಕರು ಎವರೆಸ್ಟಿಗೆ ಸಾಮಾನ್ಯವಾಗಿ 40 ಸಾವಿರ ಡಾಲರ್‌ನಿಂದ ಹಿಡಿದು ಒಂದು ಲಕ್ಷಕ್ಕೂ ಮೇಲೆ ತೆರುತ್ತಾರೆ. ಅದರಲ್ಲಿ ಸರ್ಕಾರದ ಪರವಾನಗಿ ಶುಲ್ಕವೇ 2025ರ ಸೆಪ್ಟೆಂಬರ್‌ನಿಂದ 11 ಸಾವಿರದ ಬದಲು 15 ಸಾವಿರ ಡಾಲರ್ ಆಗಿದೆ. ಸುಮಾರು ಎರಡು ತಿಂಗಳ ಋತುವಿಗೆ ಒಬ್ಬ ಶೆರ್ಪಾ ಗಳಿಸುವುದು ಬಹುಮಟ್ಟಿಗೆ ನಾಲ್ಕೈದು ಸಾವಿರ ಡಾಲರ್, ಹೆಸರು ಮಾಡಿದವರಿಗೆ ಇನ್ನೂ ಹೆಚ್ಚು. ನೇಪಾಳದ ಮಟ್ಟಿಗೆ ಇದು ಒಳ್ಳೆಯ ದುಡಿಮೆ, ಆ ಮಾತನ್ನು ಮುಚ್ಚಿಡಬೇಕಾಗಿಲ್ಲ. ಆದರೆ ಇದು ಹತ್ತುವವರ ಕೂಲಿ. ಕ್ಯಾಮೆರಾ ಹಿಡಿದವರ ಕೂಲಿಯೂ ಇದೇ ಚೌಕಟ್ಟಿನೊಳಗೆ, ದಿನಗೂಲಿ ಮತ್ತು ಶಿಖರದ ಬೋನಸ್ ಎಂಬ ಲೆಕ್ಕದಲ್ಲಿ ನಿಗದಿಯಾಗುತ್ತದೆ. ವಿದೇಶಿ ಛಾಯಾಗ್ರಾಹಕರಿಗೆ ಚಿತ್ರೋದ್ಯಮದ ದರ, ಅದೇ ಹಗ್ಗಕ್ಕೆ ಸಿಕ್ಕಿಕೊಂಡು ಅದೇ ದೃಶ್ಯ ತೆಗೆಯುವ ಶೆರ್ಪಾಗೆ ಪರ್ವತದ ದರ. ಸಂಬಳಕ್ಕೆ ತೆಗೆದ ದೃಶ್ಯ ಸಂಬಳ ಕೊಟ್ಟವರದು ಎಂಬುದು ಚಿತ್ರರಂಗದ ಸಾಮಾನ್ಯ ನಿಯಮ. ಅದನ್ನು ಇಲ್ಲಿಗೂ ಅನ್ವಯಿಸುತ್ತಾರೆ. ಆ ನಿಯಮದ ಜೊತೆಗೆ ಬರಬೇಕಾದ ದರ ಮಾತ್ರ ಜೊತೆಗೆ ಬರುವುದಿಲ್ಲ.

ಅಪಾಯದ ವಿಷಯದಲ್ಲಂತೂ ಈ ವ್ಯತ್ಯಾಸ ಹಸಿಹಸಿಯಾಗಿ ಕಂಡದ್ದು 2014ರಲ್ಲಿ. ಆ ವರ್ಷ ಡಿಸ್ಕವರಿ ವಾಹಿನಿ ಎವರೆಸ್ಟಿನ ತುದಿಯಿಂದ ರೆಕ್ಕೆಯುಡುಪು ತೊಟ್ಟು ಜಿಗಿಯುವ ಸಾಹಸವನ್ನು ನೇರಪ್ರಸಾರ ಮಾಡಲು ಹೊರಟಿತ್ತು. ನೇರಪ್ರಸಾರವೇನೂ ಹೊಸದಲ್ಲ, ಜಪಾನಿನ ನಿಪ್ಪಾನ್ ಟೆಲಿವಿಷನ್ 1988ರಲ್ಲೇ ಶಿಖರದಿಂದ ಅದನ್ನು ಮಾಡಿತ್ತು. ಏಪ್ರಿಲ್ 18ರ ಬೆಳಗ್ಗೆ, ಬೇಸ್ ಕ್ಯಾಂಪ್ ದಾಟಿದೊಡನೆ ಸಿಗುವ ಒಡೆದ ಮಂಜುಗಡ್ಡೆಯ ಇಳಿಜಾರಾದ ಖುಂಬು ಹಿಮಪ್ರಪಾತದ ಮೇಲೆ ಮಂಜುಗಡ್ಡೆ ಕುಸಿದು 16 ಮಂದಿ ನೇಪಾಳಿ ಕೆಲಸಗಾರರು ಸತ್ತರು. ಅವರಲ್ಲಿ ಆ ಜಿಗಿತದ ತಂಡಕ್ಕೆ ಸಾಮಾನು ಮುಟ್ಟಿಸುತ್ತಿದ್ದವರೂ ಇದ್ದರು. ಸತ್ತವರ ಕುಟುಂಬಗಳಿಗೆ ಸರ್ಕಾರ ಮೊದಲು ಘೋಷಿಸಿದ್ದು ತಲಾ 40 ಸಾವಿರ ನೇಪಾಳಿ ರೂಪಾಯಿ. ಶೆರ್ಪಾಗಳು ಕೆಲಸ ನಿಲ್ಲಿಸಿದರು, ಆ ದಾರಿಯಲ್ಲಿ ಆ ಋತು ಹೆಚ್ಚುಕಡಿಮೆ ಮುಗಿದೇಹೋಯಿತು. ಕಡ್ಡಾಯ ಜೀವವಿಮೆ 10 ಲಕ್ಷದಿಂದ 15 ಲಕ್ಷ ನೇಪಾಳಿ ರೂಪಾಯಿಗೆ ಏರಿತು. ಜಿಗಿತದ ಪ್ರಸಾರ ರದ್ದಾಯಿತು, ಅದರ ಬದಲು ವಾಹಿನಿ ದುರಂತದ ಬಗ್ಗೆ ಸಾಕ್ಷ್ಯಚಿತ್ರ ಪ್ರಸಾರ ಮಾಡಿತು. ಅದೇ ಹೊತ್ತಿಗೆ ಶೆರ್ಪಾಗಳ ಕಣ್ಣಿನಿಂದ ಒಂದು ಋತುವನ್ನು ನೋಡಲು ಬೇಸ್ ಕ್ಯಾಂಪಿನಲ್ಲಿದ್ದ ಆಸ್ಟ್ರೇಲಿಯದ ನಿರ್ದೇಶಕಿ ಜೆನಿಫರ್ ಪೀಡಮ್ ಅವರ ತಂಡ ಆ ಮುಷ್ಕರವನ್ನು ಒಳಗಿನಿಂದ ದಾಖಲಿಸಿತು. ಹತ್ತುವವರ ಮುಖದ ಬದಲು ಕೆಲಸ ನಿಲ್ಲಿಸಿದವರ ಮುಖ ನೋಡಿದ ಅಪರೂಪದ ಚಿತ್ರವದು.

ಕ್ಯಾಮೆರಾ ಏನನ್ನು ತೋರಿಸುತ್ತದೆ ಎಂಬ ಪ್ರಶ್ನೆ ಕೂಲಿಗಿಂತ ಆಳದ್ದು. ಕ್ಯಾಮೆರಾ ಶೆರ್ಪಾಗೆ ಗೊತ್ತಿರುವುದು ಬಹಳ. ಗ್ರಾಹಕರನ್ನು ಎಷ್ಟು ದೂರ ಮೋಟು ಹಗ್ಗದಲ್ಲಿ ಎಳೆದುಕೊಂಡು ಹೋದರು, ಸಿಲಿಂಡರ್ ಬದಲಿಸಿಕೊಟ್ಟವರು ಯಾರು, ದಾರಿಯಲ್ಲಿ ಬಿದ್ದಿದ್ದ ಅಪರಿಚಿತರನ್ನು ದಾಟಿ ಹೋದದ್ದು ಯಾರು ಎಂಬುದೆಲ್ಲ ಅವರ ಮೆಮೊರಿ ಕಾರ್ಡಿನಲ್ಲಿದ್ದರೂ ಇರಬಹುದು. ಬೇಡವಾದದ್ದನ್ನು ಕತ್ತರಿಸುವ ಅಧಿಕಾರ ಗ್ರಾಹಕರದು. 2023ರ ಜುಲೈನಲ್ಲಿ ಕೆ2 ಪರ್ವತದ ಕಿರಿದಾದ ದಾರಿಯಲ್ಲಿ ಬಿದ್ದ ಪಾಕಿಸ್ತಾನದ, ಪರ್ವತದ ಮೇಲ್ಭಾಗದಲ್ಲಿ ದುಡಿಯುತ್ತಿದ್ದ ಕೆಲಸಗಾರ ಮುಹಮ್ಮದ್ ಹಸನ್ ಅವರನ್ನು ದಾಟಿ ಹತ್ತಾರು ಮಂದಿ ಶಿಖರದತ್ತ ಹೋದದ್ದು ಜಗತ್ತಿಗೆ ತಿಳಿದದ್ದು ಅಂದು ಶಿಖರದ ಆಸೆ ಬಿಟ್ಟು ಹಿಂತಿರುಗಿದ್ದ ಇಬ್ಬರು ಐರೋಪ್ಯರ ಡ್ರೋನ್ ದೃಶ್ಯಗಳಿಂದ. ಅವರ ಕ್ಯಾಮೆರಾ ಅವರದೇ ಆಗಿತ್ತು, ಮುಂದಿನ ಋತುವಿನ ಕೆಲಸಕ್ಕೆ ಅವರು ಯಾರ ಮುಂದೆಯೂ ಕೈಕಟ್ಟಿ ನಿಲ್ಲಬೇಕಿರಲಿಲ್ಲ. ಬಾಡಿಗೆಗೆ ಬಂದ ಶೆರ್ಪಾ ಅದೇ ದೃಶ್ಯ ತೆಗೆದಿದ್ದರೆ ಅದು ಹೊರಗೆ ಬರುತ್ತಿತ್ತೇ? ನನಗೆ ಸಂದೇಹ.

ಹಾಗಾದರೆ ಎಲ್ಲ ದೃಶ್ಯಗಳೂ ಬೇರೆಯವರ ಪೆಟ್ಟಿಗೆಯಲ್ಲೇ ಉಳಿದಿವೆಯೇ? ಇಲ್ಲ, ಈಗ ಇಲ್ಲ. 2010ರಲ್ಲಿ ಎನ್‌ಸೆಲ್ ಕಂಪನಿ ಬೇಸ್ ಕ್ಯಾಂಪಿಗೆ ಹತ್ತಿರದ ಗೋರಕ್ ಶೆಪ್‌ವರೆಗೆ ಮೊಬೈಲ್ ಇಂಟರ್ನೆಟ್ ತಂದ ಮೇಲೆ ಶೆರ್ಪಾಗಳು ತೆಗೆದದ್ದನ್ನು ತಾವೇ ಜಗತ್ತಿಗೆ ತೋರಿಸುವಂತಾಗಿ ಲೆಕ್ಕ ನಿಧಾನವಾಗಿ ತಿರುಗಿತು. 2023ರ ಮೇ ತಿಂಗಳಲ್ಲಿ ಗೆಲ್ಜೆ ಶೆರ್ಪಾ ತಮ್ಮ ಗ್ರಾಹಕರನ್ನು ಶಿಖರಕ್ಕೆ ಕರೆದೊಯ್ಯುತ್ತಿದ್ದಾಗ, 8,000 ಮೀಟರಿಗೂ ಮೇಲೆ, ಹಗ್ಗ ಹಿಡಿದು ನಡುಗುತ್ತಿದ್ದ ಮಲೇಷ್ಯಾದ ಪರ್ವತಾರೋಹಿಯೊಬ್ಬರನ್ನು ಕಂಡರು. ಗ್ರಾಹಕರ ಮನವೊಲಿಸಿ ಶಿಖರಯಾತ್ರೆ ಕೈಬಿಡಿಸಿ, ಆ ವ್ಯಕ್ತಿಯನ್ನು ಚಾಪೆಯಲ್ಲಿ ಸುತ್ತಿ ಬೆನ್ನಿಗೆ ಕಟ್ಟಿಕೊಂಡು, ಎಳೆದುಕೊಂಡು ಗಂಟೆಗಟ್ಟಲೆ ಇಳಿದರು. ಆ ವಿಡಿಯೊ ಜಗತ್ತೆಲ್ಲ ಓಡಾಡಿತು. ಬದುಕಿ ಬಂದವರು ಮೊದಲು ತಮ್ಮ ಪ್ರಾಯೋಜಕರಿಗೆ ಧನ್ಯವಾದ ಹೇಳಿದರು, ಗೆಲ್ಜೆಯನ್ನು ಇನ್‌ಸ್ಟಾಗ್ರಾಂನಲ್ಲಿ ಬ್ಲಾಕ್ ಮಾಡಿದರು. ಜನ ಸಿಟ್ಟಾದ ಮೇಲೆ ಹೆಸರು ಹಿಡಿದು ಕೃತಜ್ಞತೆ ಹೇಳಿದರು. ವಿಡಿಯೊ ಇರದಿದ್ದರೆ ಈ ಘಟನೆ ಬೇಸ್ ಕ್ಯಾಂಪಿನ ಗುಡಾರಗಳಲ್ಲಿ ಮಾತಾಗಿ ಮುಗಿಯುತ್ತಿತ್ತು. ಅಂಥ ಎಷ್ಟು ರಕ್ಷಣೆಗಳು ಹಾಗೆ ಮುಗಿದಿವೆಯೋ.

2021ರ ಜನವರಿ 16ರಂದು ಚಳಿಗಾಲದಲ್ಲಿ ಮೊದಲ ಬಾರಿಗೆ ಕೆ2 ಏರಿದ ಹತ್ತು ಮಂದಿ ನೇಪಾಳಿಗಳು ಇದನ್ನು ಇನ್ನೂ ಚೆನ್ನಾಗಿ ಅರಿತಿದ್ದರು. ತುದಿಗೆ ಕೆಲವೇ ಮೀಟರ್ ಇರುವಾಗ ಮುಂದಿದ್ದವರು ಹಿಂದಿನವರಿಗಾಗಿ ಕಾದರು. ನಂತರ ಎಲ್ಲರೂ ಸಾಲಾಗಿ ರಾಷ್ಟ್ರಗೀತೆ ಹಾಡುತ್ತ ಒಟ್ಟಿಗೆ ಕಾಲಿಟ್ಟರು, ಅದನ್ನು ತಾವೇ ಚಿತ್ರಿಸಿಕೊಂಡರು. ಯಾರು ಮೊದಲು ಎಂಬ ಪ್ರಶ್ನೆಗೆ ಎಡೆಯಿಲ್ಲದಂತೆ, ಕ್ಯಾಮೆರಾಕ್ಕಾಗಿಯೇ ರೂಪಿಸಿದ ನಡೆಯದು ಎಂದು ಮೂಗು ಮುರಿದವರೂ ಇದ್ದಾರೆ. ಇರಲಿ. ನೂರು ವರ್ಷ ಬೇರೆಯವರ ಧ್ವಜಕ್ಕೆ ಕ್ಯಾಮೆರಾ ಹಿಡಿದವರು ಒಮ್ಮೆ ತಮಗಾಗಿ ಹಿಡಿದರೆ ಅದನ್ನು ನಾಟಕ ಎನ್ನಲು ನನಗೆ ಮನಸ್ಸಾಗದು. ಆದರೆ ನಂತರ ಆದದ್ದನ್ನೂ ಗಮನಿಸಬೇಕು. ಆ ಹತ್ತರಲ್ಲಿ ಜಗತ್ತಿಗೆ ಹೆಚ್ಚು ಪರಿಚಿತರಾದವರು ನಿರ್ಮಲ್ ಪುರ್ಜಾ. ಅವರು ಮಗರ್ ಸಮುದಾಯದವರು, ಬ್ರಿಟಿಷ್ ಸೇನೆಯಲ್ಲಿದ್ದವರು, ಇಂಗ್ಲಿಷ್ ಮಾಧ್ಯಮಲೋಕದ ನಡೆನುಡಿ ಬಲ್ಲವರು. ಉಳಿದ ಒಂಬತ್ತು ಮಂದಿ ಶೆರ್ಪಾಗಳಲ್ಲಿ ಬಹುತೇಕರ ಹೆಸರನ್ನು ಪರ್ವತಪ್ರಿಯರೂ ತಡವರಿಸಿಯೇ ಹೇಳುತ್ತಾರೆ. ಕ್ಯಾಮೆರಾ ಕೈಗೆ ಬಂದ ಮಾತ್ರಕ್ಕೆ ಕಥೆ ಕೈಗೆ ಬರುವುದಿಲ್ಲ. ಸಂಕಲನ, ಭಾಷೆ, ವಿತರಣೆ ಯಾರ ಬಳಿ ಇದೆಯೋ ಅವರ ಹಿಡಿತ ಇನ್ನೂ ಬಿಗಿಯಾಗಿಯೇ ಇದೆ.

ಹತ್ತುವ ವಿದ್ಯೆಯಲ್ಲಿ ಈ ಅಂತರವನ್ನು ಶೆರ್ಪಾಗಳು ಹೇಗೆ ತುಂಬಿಕೊಂಡರು ಎಂಬುದು ಇಲ್ಲಿ ಉಪಯೋಗಕ್ಕೆ ಬರುವ ಹೋಲಿಕೆ. 2003ರಿಂದ ಫೋರ್ಚೆ ಹಳ್ಳಿಯ ಖುಂಬು ಕ್ಲೈಂಬಿಂಗ್ ಸೆಂಟರ್ ಸ್ಥಳೀಯರಿಗೆ ಹಗ್ಗ, ರಕ್ಷಣೆ, ಹಿಮದ ಕೆಲಸ ಕಲಿಸುತ್ತಿದೆ. 2012ರಲ್ಲಿ ನೇಪಾಳದ ಪರ್ವತ ಮಾರ್ಗದರ್ಶಕರ ಸಂಘ ಅಂತರರಾಷ್ಟ್ರೀಯ ಒಕ್ಕೂಟದ ಸದಸ್ಯತ್ವ ಪಡೆಯಿತು. ಅಲ್ಲಿಂದ ನೇಪಾಳಿ ಮಾರ್ಗದರ್ಶಕರ ಪ್ರಮಾಣಪತ್ರಕ್ಕೆ ಆಲ್ಪ್ಸ್‌ನಲ್ಲೂ ಬೆಲೆ. ಪ್ರಮಾಣಪತ್ರ ಬಂದ ಮೇಲೆ ಚೌಕಾಸಿಯ ಶಕ್ತಿ ಬಂತು. ಕ್ಯಾಮೆರಾ ಕೆಲಸದ ಕಲಿಕೆಯೋ ಬಹುಪಾಲು ಪರ್ವತದ ಮೇಲೇ, ವಿದೇಶಿ ತಂಡಗಳ ಹಿಂದೆ ನಡೆಯುತ್ತ, ಬಿಟ್ಟುಹೋದ ಹಳೆಯ ಯಂತ್ರಗಳಲ್ಲಿ.

ಇಷ್ಟರಲ್ಲಿ ಡ್ರೋನ್ ಬಂದಿದೆ. 2024ರಲ್ಲಿ ಬೇಸ್ ಕ್ಯಾಂಪ್ ಮತ್ತು ಮೊದಲನೆಯ ಶಿಬಿರದ ನಡುವೆ ದೊಡ್ಡ ಡ್ರೋನ್‌ಗಳು ಆಮ್ಲಜನಕದ ಸಿಲಿಂಡರ್ ಸಾಗಿಸುವ ಪ್ರಯೋಗ ನಡೆಯಿತು. 2025ರಲ್ಲಿ ನೇಪಾಳಿ ಕಂಪನಿಯೊಂದು ಹಿಮಪ್ರಪಾತದಲ್ಲಿ ದಾರಿ ಮಾಡುವವರಿಗೆ ಏಣಿ, ಹಗ್ಗ ತಲುಪಿಸಿತು. ಅದೇ ವರ್ಷ ಪೋಲೆಂಡಿನ ಆಂಡ್ಜೆಯ್ ಬಾರ್ಗಿಯೆಲ್ ಕೃತಕ ಆಮ್ಲಜನಕವಿಲ್ಲದೆ ಎವರೆಸ್ಟ್ ಏರಿ ಸ್ಕೀ ಮೇಲೆ ಇಳಿದಾಗ, ಹಿಮಪ್ರಪಾತದಲ್ಲಿ ಅವರಿಗೆ ದಾರಿ ತೋರಿಸಿದ್ದು ಸಹೋದರ ಹಾರಿಸುತ್ತಿದ್ದ ಡ್ರೋನ್. ಕಿರಿದಾದ ದಾರಿಯ ಆ ಹತ್ತು ಸೆಕೆಂಡಿನ ದೃಶ್ಯವನ್ನು ಇನ್ನು ಮುಂದೆ ಡ್ರೋನ್ ತೆಗೆಯಬಹುದು. ಯಾರೂ ಮುಂದೆ ಓಡಿ ನಿಂತು ಬೆರಳು ಕಳೆದುಕೊಳ್ಳಬೇಕಾಗಿಲ್ಲ. ಒಬ್ಬರ ಕೂಲಿಯೂ ಹೋಗುತ್ತದೆ. ಎಂಟು ಸಾವಿರ ಮೀಟರಿನ ಗಾಳಿಗೆ, ತೆಳು ವಾತಾವರಣಕ್ಕೆ ಸಣ್ಣ ಡ್ರೋನ್‌ಗಳು ಇನ್ನೂ ಪೂರ್ತಿ ಪಳಗಿಲ್ಲವಾದ್ದರಿಂದ ಸ್ವಲ್ಪ ಕಾಲಾವಕಾಶವಿದೆ.

ಆ ಅವಕಾಶದಲ್ಲಿ ಆಗಬೇಕಾದದ್ದು ನೇಪಾಳ ಸರ್ಕಾರದ ಹೊಸ ಕಾನೂನಿಗಾಗಿ ಕಾಯಬೇಕಾದ ಕೆಲಸವಲ್ಲ. ಕಠ್ಮಂಡುವಿನ ಅನೇಕ ಕಂಪನಿಗಳ ಮಾಲೀಕರು ಈಗ ಶೆರ್ಪಾಗಳೇ. ಅವರ ಜಾಹೀರಾತಿನ ರೀಲುಗಳಿಗೆ ಸರಕು ಒದಗಿಸುವವರು ಅವರ ಕ್ಯಾಮೆರಾ ಶೆರ್ಪಾಗಳು. ಮುಂದಿನ ವರ್ಷದ ಗ್ರಾಹಕರು ಬರುವುದು ಆ ರೀಲುಗಳನ್ನು ನೋಡಿ. ಹಾಗಿರುವಾಗ ಕ್ಯಾಮೆರಾ ಶೆರ್ಪಾನ ಕರಾರಿನಲ್ಲಿ ದಿನಗೂಲಿ, ಬೋನಸ್, ವಿಮೆಯ ಕೆಳಗೆ ಇನ್ನೊಂದು ಸಾಲು ಸೇರಲು ತಡೆಯೇನಿಲ್ಲ: ತೆಗೆದ ದೃಶ್ಯದ ಒಂದು ಪ್ರತಿ ತೆಗೆದವರ ಬಳಿ ಉಳಿಯತಕ್ಕದ್ದು, ಮಾರಾಟವಾದರೆ ಪಾಲು ಕೊಡತಕ್ಕದ್ದು, ಪೂರ್ಣ ಹೆಸರು ಊರಿನ ಸಮೇತ ಹಾಕತಕ್ಕದ್ದು. ಪಾಶ್ಚಾತ್ಯ ಕಂಪನಿಗಳು ಇದನ್ನು ಕೊಡಲಿಲ್ಲ ಎಂದು ದೂರುವುದು ಸುಲಭವಿತ್ತು. ವಸಂತದ ಋತುವಿಗೆ ಮುನ್ನ ನಡೆಯುವ ಸಂಬಳದ ಮಾತುಕತೆಯಲ್ಲಿ ಮೇಜಿನ ಎರಡೂ ಬದಿಗೆ ಈಗ ಶೆರ್ಪಾಗಳ ಸೀಮೆಯಾದ ಸೋಲುಖುಂಬುವಿನವರೇ ಕುಳಿತಿರುತ್ತಾರೆ.